ಥರ್ಮಂಡ್‌ನಲ್ಲಿ ಅಪ್ಪ

ಅಮೆರಿಕಕ್ಕೆ ಬಂದ ಅಪ್ಪನಿಗೆ ಏನು ತೋರಿಸಿದರೂ "ಹೂಂ, ಚೆನ್ನಾಗಿದೆ" ಅಷ್ಟೇ. ನಯಾಗರಾದ ಮುಂದೆ ನಿಂತು, "ಮಳೆಗಾಲದಲ್ಲಿ ಜೋಗ ನೋಡಿದ್ದೀಯಲ್ಲ ನೀನು" ಅಂದರು. ನ್ಯೂಯಾರ್ಕಿನಲ್ಲಿ ಮೂರು ದಿನ ಓಡಾಡಿದ್ದರಲ್ಲಿ ಅವರು ಬಾಯಿಬಿಟ್ಟು ಹೊಗಳಿದ್ದು ಮೆಟ್ರೋ ಕಂಡಕ್ಟರನ್ನು ಮಾತ್ರ. ಪ್ರತಿ ಸ್ಟೇಷನ್ನಿನಲ್ಲೂ ಆತ ಕಿಟಕಿಯಿಂದ ಕೈ ಹೊರಗೆ ಚಾಚಿ ಒಂದು ಬೋರ್ಡಿನತ್ತ ಬೆರಳು ತೋರಿಸುತ್ತಿದ್ದ. "ಅದು ಡ್ಯೂಟಿ ಕಣಮ್ಮ," ಅಂದಿದ್ದರು.

ಅಪ್ಪ ಎಪ್ಪತ್ತರ ದಶಕದಲ್ಲಿ ಅರಸೀಕೆರೆಯಲ್ಲಿ ಫೈರ್‌ಮನ್ ಆಗಿ ಸೇರಿದವರು. ಮೀಟರ್ ಗೇಜಿನ ವೈಪಿ ಅನ್ನುವ ಹಬೆ ಇಂಜಿನ್ನುಗಳಿಗೆ ಕಲ್ಲಿದ್ದಲು ಎತ್ತಿ ಹಾಕುತ್ತಾ ಶುರು ಮಾಡಿ, ಗೂಡ್ಸ್ ಡ್ರೈವರ್ ಆಗಿ ರಿಟೈರ್ ಆದರು. ಅವರು ವಾಪಸು ಹೊರಡಲು ಎರಡು ವಾರ ಇದೆ ಅನ್ನುವಾಗ ನನಗೆ ಹೊಳೆದದ್ದು ವೆಸ್ಟ್ ವರ್ಜೀನಿಯಾದ ಥರ್ಮಂಡ್, ಹಬೆ ಇಂಜಿನ್ನುಗಳ ಕಾಲದ ಒಂದು ಹಳೆಯ ರೈಲ್ವೆ ಊರು. ಕೊಲಂಬಸ್‌ನ ನಮ್ಮ ಮನೆಯಿಂದ ಸುಮಾರು ನಾಲ್ಕು ಗಂಟೆಯ ದಾರಿ. 2020ರ ಜನಗಣತಿಯ ಪ್ರಕಾರ ಊರಿನ ಜನಸಂಖ್ಯೆ ಐದು.

ಮೊದಲ ದಿನದ ಬಗ್ಗೆ ಹೆಚ್ಚು ಹೇಳುವುದಿಲ್ಲ. ಎಲ್ಲರೂ ಹೋಗುವ ನ್ಯೂ ರಿವರ್ ಕಮರಿಯ ದೊಡ್ಡ ಸೇತುವೆಗೆ ನಾವೂ ಹೋದೆವು. 1977ರಲ್ಲಿ ತೆರೆದ ಉಕ್ಕಿನ ಕಮಾನು, ನದಿಯಿಂದ 876 ಅಡಿ ಎತ್ತರ. ಜನ ಸಾಲುಗಟ್ಟಿ ಸೆಲ್ಫಿ ತೆಗೆದುಕೊಳ್ಳುತ್ತಿದ್ದರು, ನಾವೂ ತೆಗೆದುಕೊಂಡೆವು. ಅಪ್ಪ "ಚೆನ್ನಾಗಿದೆ" ಅಂದರು. ರಾತ್ರಿ ಬೆಕ್ಲಿಯ ಒಂದು ಮೋಟೆಲಿನಲ್ಲಿ ತಂಗಿದೆವು.

ಬೆಳಿಗ್ಗೆ ಎದ್ದು ಚಿತ್ರಾನ್ನ, ಮೊಸರನ್ನದ ಡಬ್ಬಿಗಳನ್ನು ಮೋಟೆಲಿನ ಫ್ರಿಜ್ಜಿನಲ್ಲೇ ಬಿಟ್ಟು ಹೊರಟೆ. ಈ ಮಾತನ್ನು ಈಗಲೂ ಹಲ್ಲು ಕಚ್ಚಿಕೊಂಡು ಬರೆಯುತ್ತಿದ್ದೇನೆ. ಥರ್ಮಂಡ್‌ಗೆ ಹೋಗುವವರು ದಯವಿಟ್ಟು ಕೇಳಿಸಿಕೊಳ್ಳಿ: ಅಲ್ಲಿ ಅಂಗಡಿಯಿಲ್ಲ, ಹೋಟೆಲಿಲ್ಲ, ಪೆಟ್ರೋಲ್ ಬಂಕಿಲ್ಲ. ಕಮರಿಗೆ ಇಳಿಯುತ್ತಿದ್ದಂತೆ ನನ್ನ ಫೋನಿನ ಸಿಗ್ನಲ್ಲೂ ಹೋಯಿತು. ಮ್ಯಾಪ್ ಮೊದಲೇ ಡೌನ್‌ಲೋಡ್ ಮಾಡಿಕೊಳ್ಳಿ. ಡಬ್ಬಿಯನ್ನು ಹಿಂದಿನ ರಾತ್ರಿಯೇ ಕಾರಿನ ಕೀಲಿಯ ಪಕ್ಕ ಇಡಿ. ಸಕ್ಕರೆ ಕಾಯಿಲೆಯವರು ಜೊತೆಯಲ್ಲಿದ್ದರಂತೂ ಎರಡು ಸಲ ನೋಡಿ.

ಗ್ಲೆನ್ ಜೀನ್ ಅನ್ನುವಲ್ಲಿ ಹೆದ್ದಾರಿ ಬಿಟ್ಟರೆ ಮುಂದೆ ಹನ್ನೊಂದು ಕಿಲೋಮೀಟರ್ ಹಳ್ಳದ ಪಕ್ಕದಲ್ಲೇ ದಾರಿ. ಎದುರಿನಿಂದ ಕಾರು ಬಂದರೆ ಯಾರಾದರೊಬ್ಬರು ಅಂಚಿಗೆ ಸರಿಯಬೇಕು. ಕೊನೆಗೆ ನದಿ, ನದಿಯ ಮೇಲೆ ರೈಲು ಸೇತುವೆ. ಅದಕ್ಕೇ ಅಂಟಿಕೊಂಡಂತೆ ಕಾರಿಗೆ ಒಂದೇ ಒಂದು ಲೇನ್. ಪಕ್ಕದಲ್ಲೇ ಹಳಿ. ಅಪ್ಪ ಕಿಟಕಿ ಇಳಿಸಿದರು. ಪ್ರವಾಸ ಶುರುವಾದ ಮೇಲೆ ಮೊದಲ ಸಲ.

ಊರು ಅಂದರೆ ಇಷ್ಟು: ಒಂದು ಕಡೆ ನದಿ, ಇನ್ನೊಂದು ಕಡೆ ಕಡಿದಾದ ಗುಡ್ಡ, ನಡುವೆ ಸಿಕ್ಕ ಒಂದಿಷ್ಟು ಸಮತಟ್ಟು ಜಾಗ. ಅಷ್ಟನ್ನೂ ಹಳಿ ತೆಗೆದುಕೊಂಡಿದೆ. ಉಳಿದ ಪಟ್ಟಿಯಲ್ಲಿ ಮೂರ್ನಾಲ್ಕು ಕಟ್ಟಡಗಳು ಹಳಿಗೆ ಮುಖಮಾಡಿ ಸಾಲಾಗಿ ನಿಂತಿವೆ. ಬ್ಯಾಂಕು, ಅಂಗಡಿ, ಮತ್ತೆ ಅಂಗಡಿ. ಮೆಟ್ಟಿಲಿಳಿದರೆ ನಾಲ್ಕು ಹೆಜ್ಜೆ ಕಾಲುದಾರಿ, ಅದರಾಚೆ ರೈಲು. ಪೇಟೆಬೀದಿಯೇ ಇಲ್ಲ. 1921ರವರೆಗೆ ಈ ಊರಿಗೆ ರಸ್ತೆಯೂ ಇರಲಿಲ್ಲ.

ಕ್ಯಾಪ್ಟನ್ ಡಬ್ಲ್ಯೂ. ಡಿ. ಥರ್ಮಂಡ್ ಎಂಬಾತ ಒಂದು ಸರ್ವೆ ಕೆಲಸಕ್ಕೆ ಕೂಲಿಯಾಗಿ 1873ರಲ್ಲಿ ಪಡೆದ 73 ಎಕರೆ ಜಾಗ ಇದು. ಅದೇ ವರ್ಷ ಚೆಸಪೀಕ್ ಅಂಡ್ ಓಹಾಯೋ ಕಂಪನಿಯ ಮುಖ್ಯ ಮಾರ್ಗ ಈ ಕಮರಿಯಲ್ಲಿ ಪೂರ್ತಿಯಾಯಿತು. ಸುತ್ತಲ ಗುಡ್ಡಗಳಲ್ಲಿ ಹೊಗೆ ಕಡಿಮೆ ಕಾರುವ ಒಳ್ಳೆಯ ಕಲ್ಲಿದ್ದಲು. ಎದುರು ದಡದ ಹಳ್ಳದ ಗುಂಟ ಗಣಿಗಳಿಗೆ ಕವಲು ಮಾರ್ಗ ಹಾಕಿದ ಮೇಲೆ ಎಲ್ಲ ಗಣಿಯ ವ್ಯಾಗನ್ನುಗಳೂ ಇಲ್ಲಿಗೇ ಬರತೊಡಗಿದವು. 1910ರಲ್ಲಿ ಈ ಚಿಕ್ಕ ಊರಿನ ಸರಕು ಸಾಗಣೆಯಿಂದ ಕಂಪನಿಗೆ ಬಂದ ದುಡ್ಡು ಸಿನ್ಸಿನಾಟಿ ಮತ್ತು ರಿಚ್ಮಂಡ್ ಎರಡೂ ಸೇರಿ ತಂದದ್ದಕ್ಕಿಂತ ಜಾಸ್ತಿಯಂತೆ. ಅಷ್ಟಾದರೂ ಊರಿನ ಜನಸಂಖ್ಯೆ 1930ರಲ್ಲಿ 462 ಇದ್ದದ್ದೇ ಹೆಚ್ಚು. ಇನ್ನೆಲ್ಲಿ ಮನೆ ಕಟ್ಟುತ್ತಾರೆ, ಗುಡ್ಡ ಬಿಟ್ಟರೆ ನದಿ.

ಹಳಿಯ ಪಕ್ಕ ಹಳೆಯ ಮರದ ಸ್ಟೇಷನ್ನಿದೆ. 1995ರಲ್ಲಿ ನ್ಯಾಷನಲ್ ಪಾರ್ಕಿನವರು ದುರಸ್ತಿ ಮಾಡಿಸಿ ಮಾಹಿತಿ ಕೇಂದ್ರ ಮಾಡಿದ್ದಾರೆ. ನಾವು ಹೋದ ದಿನ ಬೀಗ. ನಾನು ಗಾಜಿಗೆ ಹಣೆ ಒತ್ತಿ ಒಳಗೆ ಇಣುಕುತ್ತಿದ್ದೆ. ತಿರುಗಿ ನೋಡಿದರೆ ಅಪ್ಪ ಇಲ್ಲ.

ಆಚೆ ದೂರದಲ್ಲಿ, ಹಳಿಯ ಪಕ್ಕ ನಿಂತಿದ್ದ ಬೂದುಬಣ್ಣದ ಕಾಂಕ್ರೀಟ್ ಗೋಪುರದ ಕಡೆ ಕತ್ತೆತ್ತಿ ನೋಡುತ್ತಾ ನಿಂತಿದ್ದರು. ಸ್ವೆಟರಿನ ಮೇಲೆ ಮಫ್ಲರ್, ಕೈ ಎರಡೂ ಹಿಂದಕ್ಕೆ.

"ಇದು ಇಂಜಿನ್ನಿಗೆ ಕಲ್ಲಿದ್ದಲು ಸುರಿಯೋದು ಕಣೆ. ಕೆಳಗೆ ನಿಲ್ಲಿಸಿ ಬಾಗಿಲು ತೆಗೆದರೆ ಆಯ್ತು. ನಮ್ಮಲ್ಲಿ ಬುಟ್ಟಿ ಹೊತ್ತು ಹೊತ್ತು ತುಂಬೋರು." 1922ರಲ್ಲಿ ಕಟ್ಟಿದ್ದು ಅಂದೆ. ಕೇಳಿಸಿಕೊಳ್ಳಲಿಲ್ಲ. "ಇಲ್ಲೇ ಎಲ್ಲೋ ಬೂದಿ ಗುಂಡಿ ಇರಬೇಕು. ಮರಳಿನ ಮನೆಯೂ ಇರಬೇಕು. ಏರಿನಲ್ಲಿ ಚಕ್ರ ಜಾರ್ತದಲ್ಲ, ಅದಕ್ಕೆ ಒಣಮರಳು ಬೇಕು." ಒಂದೂ ಕಣ್ಣಿಗೆ ಬೀಳಲಿಲ್ಲ. ಇಂಜಿನ್ ಶೆಡ್ಡು 1993ರಲ್ಲಿ ಸುಟ್ಟುಹೋಯಿತೆಂದು ಓದಿದ್ದೆ. ಅದನ್ನು ಹೇಳಿದಾಗ ಮಾತ್ರ ತಿರುಗಿ ನೋಡಿ, "ಥೋ" ಅಂದರು.

ಅಲ್ಲೇ ಒಂದು ದಿಮ್ಮಿಯ ಮೇಲೆ ಕೂತೆವು. ನನ್ನ ಪರ್ಸಿನಲ್ಲಿದ್ದ ಎರಡು ಪ್ಯಾಕೆಟ್ ಕಡಲೆಬೀಜ ಅವತ್ತಿನ ಮಧ್ಯಾಹ್ನದ ಊಟ.

"ಇಂಜಿನ್ನಿಗೆ ಮೊದಲು ಏನು ಬೇಕು, ಹೇಳು?"

"ಕಲ್ಲಿದ್ದಲು."

"ಅದೇ ಎಲ್ಲರೂ ಹೇಳೋದು. ನೀರು ಕಣಮ್ಮ. ಬೆಂಕಿ ಆರಿದರೆ ಗಾಡಿ ನಿಲ್ತದೆ, ಅಷ್ಟೇ. ನೀರು ಮುಗಿದರೆ ಬಾಯ್ಲರು ಸಿಡಿದೀತು. ಅದಕ್ಕೇ ಈ ಊರು ಹೊಳೆ ಪಕ್ಕ ಇರೋದು. ಇದು ಗುಡ್ಡದ ಸಂದಿಯಲ್ಲಿ ಸಿಕ್ಕಿಹಾಕಿಕೊಂಡ ಬೀರೂರು."

ಆಮೇಲೆ ಸುಮ್ಮನಾದರು. ಒಂದೊಂದೇ ಕಡಲೆಬೀಜದ ಸಿಪ್ಪೆ ಬಿಡಿಸಿ, ಊದಿ, ಅಂಗೈಯಲ್ಲಿ ಗುಡ್ಡೆ ಮಾಡುತ್ತಿದ್ದರು.

"ನಾನೊಂದು ಸಲ ಲೆಡ್ ಪ್ಲಗ್ ಕರಗಿಸಿದ್ದೆ."

ನನಗೆ ಅರ್ಥವಾಗಲಿಲ್ಲ. ಬೆಂಕಿಪೆಟ್ಟಿಗೆಯ ನೆತ್ತಿಯಲ್ಲಿ ಸೀಸ ತುಂಬಿದ ಬಿರಡೆ ಇರುತ್ತದಂತೆ. ಮೇಲೆ ನೀರಿರುವ ತನಕ ಅದು ತಣ್ಣಗೆ. ನೀರು ಇಳಿದರೆ ಸೀಸ ಕರಗಿ, ಆ ತೂತಿನಿಂದ ಹಬೆ ಬೆಂಕಿಯ ಮೇಲೆ ನುಗ್ಗುತ್ತದೆ. ಬಾಯ್ಲರು ಉಳಿಯುತ್ತದೆ, ಫೈರ್‌ಮನ್ನಿನ ಮಾನ ಉಳಿಯುವುದಿಲ್ಲ.

"ತಿಪಟೂರು ಬಿಟ್ಟಿದ್ವಿ. ಎರಡು ರಾತ್ರಿ ನಿದ್ದೆ ಇರಲಿಲ್ಲ. ಗೇಜ್ ಗ್ಲಾಸ್ ನೋಡಿದೆ, ಪೂರ್ತಿ ಇದೆ ಅಂದುಕೊಂಡೆ. ಬಾಯ್ಲರಲ್ಲಿ ನೀರೆಷ್ಟಿದೆ ಅಂತ ತೋರಿಸೋ ಗಾಜಿನ ಕೊಳವೆ ಅದು. ಅರ್ಧ ಇದ್ದರೆ ಗೆರೆ ಕಾಣ್ತದೆ. ಪೂರ್ತಿ ತುಂಬಿದ್ದರೂ, ಪೂರ್ತಿ ಖಾಲಿ ಇದ್ದರೂ ಒಂದೇ ಥರ ಕಾಣ್ತದೆ. ನಲ್ಲಿ ತಿರುಗಿಸಿ ನೋಡಬೇಕಿತ್ತು. ನೋಡಲಿಲ್ಲ."

"ಆಮೇಲೆ?"

"ಬುಸ್ ಅಂತ ಬಂತು. ಬೆಂಕಿ ಎಳೆದು ಹಾಕಿ ನಿಲ್ಲಿಸಿದ್ವಿ. ಶೆಡ್ಡಿಂದ ಬೇರೆ ಇಂಜಿನ್ ಬರೋ ತನಕ ಹಿಂದಿನ ಗಾಡಿಗಳೆಲ್ಲ ನಿಂತವು. ಡ್ರೈವರ್ರು ಒಂದು ಮಾತೂ ಬೈಲಿಲ್ಲ. ತನ್ನ ಟೀ ಅರ್ಧ ನನಗೆ ಕೊಟ್ಟರು. ಬೈದಿದ್ರೆ ಚೆನ್ನಾಗಿರ್ತಿತ್ತು."

"ಅಮ್ಮನಿಗೆ ಗೊತ್ತಿತ್ತಾ?"

"ಇಲ್ಲ."

ಅಮ್ಮ ಹೋಗಿ ಆರು ವರ್ಷವಾಯಿತು.

ನಾನೇ ಮಾತು ಬೇರೆ ಕಡೆ ಎಳೆದೆ. ನದಿಯಾಚೆಯ ದಡ ತೋರಿಸಿ, ಅಲ್ಲೊಂದು ಡನ್ ಗ್ಲೆನ್ ಅನ್ನುವ ನೂರು ಕೋಣೆಯ ಹೋಟೆಲಿತ್ತು, 1901ರಲ್ಲಿ ತೆರೆದದ್ದು 1930ರಲ್ಲಿ ಸುಟ್ಟುಹೋಯಿತು ಅಂದೆ. ಕ್ಯಾಪ್ಟನ್ ಥರ್ಮಂಡ್ ಕಟ್ಟಾ ಬ್ಯಾಪ್ಟಿಸ್ಟ್, ತನ್ನ ಜಾಗದಲ್ಲಿ ಹೆಂಡ ಮಾರಲು ಬಿಡಲಿಲ್ಲ. ಕುಡಿಯುವವರೆಲ್ಲ ಸೇತುವೆ ದಾಟುತ್ತಿದ್ದರು. ಆ ಹೋಟೆಲಿನಲ್ಲಿ ಒಂದೇ ಇಸ್ಪೀಟಾಟ ಹದಿನಾಲ್ಕು ವರ್ಷ ನಡೆಯಿತು ಎಂಬ ಮಾತೂ ಇದೆ. ಅಪ್ಪ ನಕ್ಕರು. "ಡ್ಯೂಟಿ ಮಧ್ಯೆ ನಾವು ತಂಗೋ ರನ್ನಿಂಗ್ ರೂಮುಗಳಲ್ಲಿ ಏನು ಕಮ್ಮಿ ನಡೀತಿತ್ತಾ?"

ಡೀಸೆಲ್ ಬಂದಾಗ ಈ ಊರಿನ ಕತೆ ಮುಗಿಯಿತು. ಅದಕ್ಕೂ ಮೊದಲೇ ಬ್ಯಾಂಕು ಮುಳುಗಿತ್ತು, ರಸ್ತೆಗಳು ಬಂದು ಜನ ಕಾರು ಹತ್ತಿದ್ದರು. ಆದರೆ ಏಟು ಕೊಟ್ಟದ್ದು ಡೀಸೆಲ್. ಅದಕ್ಕೆ ದಾರಿಯುದ್ದಕ್ಕೂ ನೀರು ಬೇಡ, ಬೂದಿ ಇಳಿಸುವುದು ಬೇಡ, ಇಲ್ಲಿ ನಿಲ್ಲುವುದೇ ಬೇಡ. ಈಗ ಹೆಚ್ಚಿನ ಕಟ್ಟಡಗಳು ನ್ಯಾಷನಲ್ ಪಾರ್ಕಿನ ವಶದಲ್ಲಿವೆ. ನ್ಯೂಯಾರ್ಕ್–ಶಿಕಾಗೋ ನಡುವಿನ ಕಾರ್ಡಿನಲ್ ರೈಲು ವಾರಕ್ಕೆ ಮೂರು ದಿನ ಈ ದಾರಿಯಲ್ಲಿ ಓಡುತ್ತದೆ, ಹತ್ತುವವರೋ ಇಳಿಯುವವರೋ ಇದ್ದರೆ ಮಾತ್ರ ಇಲ್ಲಿ ನಿಲ್ಲುತ್ತದೆ. ಉಳಿದ ಕೆಲವೇ ಜನರಿಗೆ ಮೇಯರು, ಕೌನ್ಸಿಲ್ಲು ಎಲ್ಲ ಇದೆ. ಸಲಿಂಗಿಗಳ ವಿರುದ್ಧ ತಾರತಮ್ಯ ಮಾಡಬಾರದೆಂದು 2015ರಲ್ಲಿ ಅವರು ಕಾನೂನು ಮಾಡಿದರು, ಐದಕ್ಕೆ ಐದು ವೋಟು. ನಮ್ಮ ಅಪಾರ್ಟ್‌ಮೆಂಟಿನ ಸಂಘಕ್ಕೆ ಪಾರ್ಕಿಂಗ್ ಗೆರೆ ಎಳೆಯಲು ಒಂದು ವರ್ಷ ಹಿಡಿಯಿತು.

ಮೂರು ಗಂಟೆಯ ಹೊತ್ತಿಗೆ ದೂರದಲ್ಲಿ ಹಾರ್ನ್ ಕೇಳಿಸಿತು. ಅಪ್ಪ ಎದ್ದು, ಮಫ್ಲರ್ ಸರಿ ಮಾಡಿಕೊಂಡು, ಹಳಿಯಿಂದ ದೂರ ಸರಿದು ನಿಂತರು. ನನ್ನನ್ನೂ ತೋಳು ಹಿಡಿದು ಹಿಂದಕ್ಕೆ ಎಳೆದರು. ಎರಡು ಡೀಸೆಲ್ ಇಂಜಿನ್, ಹಿಂದೆ ಕಲ್ಲಿದ್ದಲಿನ ವ್ಯಾಗನ್ನುಗಳು. ಒಂದು ಕಾಲದಲ್ಲಿ ಎಲ್ಲ ಗಾಡಿಗಳೂ ನಿಲ್ಲುತ್ತಿದ್ದ ಗೋಪುರದ ಪಕ್ಕದಲ್ಲಿ ಅದು ವೇಗ ತಗ್ಗಿಸದೆ ಹೋಯಿತು. ಇಂಜಿನ್ ದಾಟುವಾಗ ಅಪ್ಪ ಬಲಗೈ ಎತ್ತಿ ಬೀಸಿದರು. ಡ್ರೈವರ್ ಎರಡು ಬೆರಳು ಎತ್ತಿದ. ನಾನು ನೂರರ ತನಕ ಎಣಿಸಿ ಬಿಟ್ಟುಬಿಟ್ಟೆ.

ಅಪ್ಪನ ಕೈ ಮಾತ್ರ ಇಳಿಯಲಿಲ್ಲ. ಗಾಡಿಯ ಬಾಲದ ಕಡೆಗೇ ಕಣ್ಣು. ನಮ್ಮ ಕಡೆ ಗಾಡಿ ದಾಟುವಾಗ ಕೊನೆಯ ಡಬ್ಬಿಯ ಗಾರ್ಡ್ ಹಸಿರು ಬಾವುಟ ತೋರಿಸಬೇಕು, ನೋಡಿದವರು ಎಲ್ಲ ಸರಿಯಿದೆ ಎಂದು ಕೈ ತೋರಿಸಬೇಕು. ಕೊನೆಯ ವ್ಯಾಗನ್ ಬಂತು. ಅದರ ಕೊಂಡಿಗೆ ಸಿಕ್ಕಿಸಿದ್ದ ಒಂದು ಸಣ್ಣ ಪೆಟ್ಟಿಗೆಯಲ್ಲಿ ಕೆಂಪು ದೀಪ ಮಿಣುಕುತ್ತಿತ್ತು.

"ಗಾರ್ಡ್ ಎಲ್ಲಿ?"

"ಇಲ್ಲಿ ಗೂಡ್ಸಿಗೆ ಗಾರ್ಡ್ ಡಬ್ಬಿ ತೆಗೆದು ಎಷ್ಟೋ ವರ್ಷ ಆಯ್ತಪ್ಪ. ಆ ಪೆಟ್ಟಿಗೇನೇ ಎಲ್ಲ ನೋಡ್ಕೊಳ್ತದೆ."

ಅಪ್ಪ ಆ ದೀಪ ತಿರುವಿನಲ್ಲಿ ಮರೆಯಾಗುವವರೆಗೂ ನೋಡಿದರು. ಆಮೇಲೆ ಕೈ ಇಳಿಸಿ, "ನಡಿ, ಮೊಸರನ್ನ ಹುಳಿ ಬಂದಿರ್ತದೆ," ಅಂದರು.