ತಪ್ಪು ಕೆನ್ನೆಯ ಮಚ್ಚೆ

ಗುರುವಾರ ಮಧ್ಯಾಹ್ನ ನಮ್ಮ ಧಾರಾವಾಹಿ ಸೆಟ್‌ಗೆ ಬಂದರೆ ಯಾರನ್ನೂ ಏನೂ ಕೇಳಬೇಕಿಲ್ಲ. ಯಾವ ಧಾರಾವಾಹಿಯನ್ನು ಎಷ್ಟು ಜನ ನೋಡಿದರು ಅಂತ ಹೇಳುವ ಬಾರ್ಕ್ ರೇಟಿಂಗ್ ಬರುವ ದಿನ ಅದು. ಚೆನ್ನಾಗಿ ಬಂದಿದ್ದರೆ ಸಂಜೆ ಟೀ ಜೊತೆ ಬಜ್ಜಿ ಇರುತ್ತದೆ. ಇಲ್ಲದಿದ್ದರೆ ಬರೀ ಟೀ. ಇಡೀ ದೇಶದಲ್ಲಿ 50 ಸಾವಿರ ಚಿಲ್ಲರೆ ಮನೆಗಳ ಟಿವಿಗೆ ಮೀಟರ್ ಹಾಕಿದ್ದಾರೆ. ಅವು ಯಾರ ಮನೆಗಳು ಅನ್ನೋದು ಗುಟ್ಟು. ಆ ಮನೆಯವರು ರಿಮೋಟ್‌ನಲ್ಲಿ ಏನು ಒತ್ತಿದರು ಅನ್ನೋದರ ಮೇಲೆ ನಮ್ಮಲ್ಲಿ ಯಾರು ಸಾಯಬೇಕು, ಯಾರಿಗೆ ನೆನಪು ಹೋಗಬೇಕು, ಯಾರು ಫ್ಲೈಟ್ ಹತ್ತಿ ಫಾರಿನ್‌ಗೆ ಹೋಗಬೇಕು ಎಲ್ಲ ತೀರ್ಮಾನವಾಗುತ್ತದೆ.

ನಾನು ಅಸೋಸಿಯೇಟ್ ಡೈರೆಕ್ಟರ್. ಹೆಸರು ಕೇಳೋಕೆ ದೊಡ್ಡದು. ಕೆಲಸ ಅಂದರೆ ಕಾಲ್‌ಶೀಟ್ ಹಾಕೋದು, ಪ್ರಾಂಪ್ಟ್ ಮಾಡೋದು, ಸೀನ್ ಪೇಪರ್ ಬಂದಿಲ್ಲ ಅಂತ ರೈಟರ್‌ಗೆ ಫೋನ್ ಮಾಡೋದು, ಬಂದ ಮೇಲೆ ಯಾಕೆ ಬಂತೋ ಅಂತ ತಲೆ ಚಚ್ಚಿಕೊಳ್ಳೋದು. ನಾನು ಹೇಳಹೊರಟಿರುವ ಧಾರಾವಾಹಿ ಈಗ ಮುಗಿದಿದೆ. ಅದರ ಹೆಸರು ಬೇಡ. ಅದರಲ್ಲಿ ಏಳು ವರ್ಷದ ಒಂದು ಹುಡುಗಿ ಇದ್ದಳು. ಯೂನಿಟ್‌ನವರೆಲ್ಲ ಪುಟ್ಟಿ ಅಂತಿದ್ದೆವು, ಇಲ್ಲೂ ಹಾಗೇ ಇರಲಿ. ಪಾತ್ರಕ್ಕೆ ಎಡಗೆನ್ನೆಯ ಮೇಲೆ ಒಂದು ಮಚ್ಚೆ. ಅವಳದ್ದಲ್ಲ, ನಮ್ಮದು. ಮೇಕಪ್ ಅಣ್ಣ ದಿನಾ ಪೆನ್ಸಿಲ್‌ನಲ್ಲಿ ಇಡುತ್ತಿದ್ದರು. ಆ ಮಚ್ಚೆ ನೋಡಿಯೇ ಕಥೆಯಲ್ಲಿ ಅಜ್ಜಿ ಅವಳನ್ನು ಗುರುತು ಹಿಡಿಯಬೇಕಿತ್ತು. ಹಿಡಿಯಲೇ ಇಲ್ಲ, ಅದು ಬೇರೆ ಮಾತು.

ಪುಟ್ಟಿ ಮೂರೇ ತಿಂಗಳಲ್ಲಿ ಹೀರೋಯಿನ್‌ಗಿಂತ ಫೇಮಸ್ ಆದಳು. ಆಟೋದವರು ದುಡ್ಡು ಬೇಡ ಅನ್ನುತ್ತಿದ್ದರು. ದೇವಸ್ಥಾನದಲ್ಲಿ ಕ್ಯೂ ಬಿಟ್ಟು ಒಳಗೆ ಕರೆಯುತ್ತಿದ್ದರು. ಅಜ್ಜಿಯರು ಕೆನ್ನೆ ಹಿಂಡಿ ಹಿಂಡಿ ಮಚ್ಚೆ ಅಳಿಸಿಬಿಡುತ್ತಿದ್ದರು. ಒಮ್ಮೆ ಔಟ್‌ಡೋರ್‌ನಲ್ಲಿ ಒಬ್ಬರು ಅವಳ ಕೈಗೆ ಹತ್ತು ರೂಪಾಯಿ ನೋಟು ತುರುಕಿ, ‘ನಿಮ್ಮಮ್ಮ ಮನೆ ಬಿಟ್ಟು ಹೋದಳಲ್ಲ ಕಂದಾ, ಊಟ ಯಾರು ಹಾಕ್ತಾರೆ?’ ಅಂತ ಕಣ್ಣೊರೆಸಿಕೊಂಡರು. ಪುಟ್ಟಿಯ ನಿಜವಾದ ಅಮ್ಮ ಊಟದ ಡಬ್ಬಿ ಹಿಡಿದು ಪಕ್ಕದಲ್ಲೇ ನಿಂತಿದ್ದರು.

ಈ ಅಕ್ಕನ ಊರು ತಿಪಟೂರು. ಗಂಡ ಅಲ್ಲೇ ಕೊಬ್ಬರಿ ಮಂಡಿಯಲ್ಲಿ ಲೆಕ್ಕ ಬರೆಯುತ್ತಿದ್ದರು. ಮಗಳಿಗೋಸ್ಕರ ಇವರು ಬೆಂಗಳೂರಿಗೆ ಬಂದು, ಕೆಂಗೇರಿ ಕಡೆ ತಂಗಿ ಮನೆಯಲ್ಲಿ ಇದ್ದರು. ಮಾತು ಕಡಿಮೆ. ಒಂದೇ ವಿಷಯಕ್ಕೆ ಬಾಯಿ ಬಿಡುತ್ತಿದ್ದರು: ಮಾಲ್ಗುಡಿ ಡೇಸ್‌ನ ಸ್ವಾಮಿ. ‘ಮಾಸ್ಟರ್ ಮಂಜುನಾಥ್‌ರನ್ನ ಇವತ್ತಿಗೂ ಜನ ಸ್ವಾಮಿ ಅಂತಲೇ ಗುರುತು ಹಿಡೀತಾರೆ ಅಲ್ವಾ ಸರ್?’ ಹೌದು, ಹಿಡಿಯುತ್ತಾರೆ. 1980ರ ದಶಕದಲ್ಲಿ ಶಂಕರ್‌ನಾಗ್ ಆಗುಂಬೆಯಲ್ಲಿ ಅದನ್ನು ತೆಗೆದಾಗ ಸ್ವಾಮಿಗೆ ಒಂದೇ ಮುಖ. ರಾಮಾಯಣ ಧಾರಾವಾಹಿಯ ಕಾಲದಲ್ಲೂ ಅಷ್ಟೇ. ಸೀತೆಯ ಪಾತ್ರ ಮಾಡಿದ ದೀಪಿಕಾ 1991ರಲ್ಲಿ ಬರೋಡಾದಿಂದ ಎಂಪಿ ಆದರು. ಅದೇ ಚುನಾವಣೆಯಲ್ಲಿ ರಾವಣನ ಪಾತ್ರದ ಅರವಿಂದ್ ತ್ರಿವೇದಿಯೂ ಗೆದ್ದರು. ಆಗ ಪಾತ್ರಕ್ಕೆ ಅಂಟಿದ ಮುಖ ಹಾಗೇ ಅಂಟಿಕೊಂಡಿರುತ್ತಿತ್ತು. ಡೈಲಿ ಧಾರಾವಾಹಿಯಲ್ಲಿ ಪಾತ್ರ ಚಾನೆಲ್‌ನದು, ಹೆಸರು ಚಾನೆಲ್‌ನದು, ಮಚ್ಚೆಯೂ ಚಾನೆಲ್‌ನದೇ. ಇದನ್ನು ನಾನು ಆ ಅಕ್ಕನಿಗೆ ಹೇಳಬಹುದಿತ್ತು. ಸುಮ್ನೆ ‘ಹೌದಕ್ಕ’ ಅಂದುಬಿಡುತ್ತಿದ್ದೆ.

ಮಕ್ಕಳನ್ನು ಇಟ್ಟುಕೊಂಡು ಶೂಟಿಂಗ್ ಮಾಡೋಕೆ ಕಾನೂನು ಇದೆ. ಜಿಲ್ಲಾಧಿಕಾರಿ ಅನುಮತಿ ಬೇಕು. ದಿನಕ್ಕೆ 5 ಗಂಟೆ ಮೀರುವಂತಿಲ್ಲ. ರೆಸ್ಟ್ ಇಲ್ಲದೆ ಒಂದೇ ಸಮ 3 ಗಂಟೆಗಿಂತ ಜಾಸ್ತಿ ಕೆಲಸ ಮಾಡಿಸುವಂತಿಲ್ಲ. ಸತತ 27 ದಿನಕ್ಕಿಂತ ಹೆಚ್ಚು ಕರೆಯುವಂತಿಲ್ಲ. ದುಡಿದದ್ದರಲ್ಲಿ ಕನಿಷ್ಠ ಶೇ. 20 ಮಗುವಿನ ಹೆಸರಲ್ಲೇ ಎಫ್‌ಡಿ ಆಗಬೇಕು. 2017ರ ನಿಯಮಗಳು ಇವು. ನಮ್ಮ ಮ್ಯಾನೇಜರ್ ಫೈಲ್‌ನಲ್ಲಿ ಎಲ್ಲ ನೀಟಾಗಿತ್ತು. ಆದರೆ ಟ್ರ್ಯಾಕ್, ಅಂದರೆ ಕಥೆಯಲ್ಲಿ ಆ ಪಾತ್ರದ ಭಾಗ, ಮುಗಿಯುತ್ತೆ ಅಂತ ಎಷ್ಟು ದಿನ ಮೊದಲು ಮಗುವಿನ ಮನೆಯವರಿಗೆ ತಿಳಿಸಬೇಕು? ಅದು ಮಾತ್ರ ಆ ಫೈಲ್‌ನ ಯಾವ ಹಾಳೆಯಲ್ಲೂ ಇರಲಿಲ್ಲ.

ಒಂದು ದಿನ ಊಟದ ಬ್ರೇಕ್‌ನಲ್ಲಿ ಅಕ್ಕ ಬಂದು ಕೇಳಿದರು: ‘ಸರ್, ತಂಗಿ ಮನೇಲಿ ಎಷ್ಟು ದಿನ ಇರೋದು? ಒಂದು ಮನೆ ನೋಡಿದೀವಿ. ಹತ್ತು ತಿಂಗಳ ಅಡ್ವಾನ್ಸ್ ಕೇಳ್ತಾರೆ. ಪುಟ್ಟಿ ಟ್ರ್ಯಾಕ್ ಇನ್ನೊಂದು ವರ್ಷ ಇರುತ್ತಲ್ವಾ?’

ಆ ಹೊತ್ತಿಗೆ ಎರಡು ವಾರದಿಂದ ನಮಗೆ ಬಜ್ಜಿ ಇರಲಿಲ್ಲ. ಎದುರು ಚಾನೆಲ್‌ನ ಹೊಸ ಧಾರಾವಾಹಿ ಅದೇ ಹೊತ್ತಿಗೆ ಬಂದು ನಮ್ಮ ಸ್ಲಾಟ್ ತಿನ್ನುತ್ತಿತ್ತು. ಚಾನೆಲ್‌ನಲ್ಲಿ ಏನೋ ಬೇಯುತ್ತಿದೆ ಅಂತ ವಾಸನೆ ಬಂದಿತ್ತು. ಆದರೆ ನನ್ನ ಕೈಯಲ್ಲಿ ಅನ್ನದ ತಟ್ಟೆ ಇತ್ತು, ಇನ್ನೂ ನಾಲ್ಕು ಸೀನ್ ಬಾಕಿ ಇತ್ತು, ಇವರ ಮುಖ ಬಾಡಿದರೆ ಮಗು ಡಲ್ ಆಗುತ್ತದೆ ಅನ್ನೋ ಲೆಕ್ಕವೂ ಇತ್ತು. ‘ಇರುತ್ತೆ ಅಕ್ಕ, ಪುಟ್ಟಿ ಇಲ್ಲದೆ ಕಥೆ ಎಲ್ಲಿದೆ?’ ಅಂದೆ.

ಮುಂದಿನ ಗುರುವಾರ ರಾತ್ರಿ ಇಪಿ (ಎಕ್ಸಿಕ್ಯೂಟಿವ್ ಪ್ರೊಡ್ಯೂಸರ್) ಫೋನ್ ಬಂತು. ‘ಲೀಪ್. ಹತ್ತು ವರ್ಷ. ಭಾನುವಾರ ಪ್ರೋಮೋ ಹೊಡೀತೀವಿ. ಶನಿವಾರ ಟ್ರಾನ್ಸಿಷನ್ ಶಾಟ್ ಬೇಕು. ಯಾರಿಗೂ ಗೊತ್ತಾಗಬಾರದು.’ ಲೀಪ್ ಅಂದರೆ ಕಥೆ ಒಂದೇ ಏಟಿಗೆ ಅಷ್ಟು ವರ್ಷ ಮುಂದಕ್ಕೆ ಹಾರೋದು, ಮಗುವಿನ ಪಾತ್ರಕ್ಕೆ ದೊಡ್ಡವಳು ಬರೋದು. ಪುಟ್ಟಿ ಮನೆಯವರಿಗೆ ಅಂತ ನಾನು ಬಾಯಿ ತೆರೆದೆ. ‘ಕೋಳಿ ಕೇಳಿ ಖಾರ ಅರೀತಾರೇನ್ರೀ?’ ಅಂತ ನಕ್ಕರು. ಅವರಿಗೂ ಒಂದು ಹೆದರಿಕೆ ಇತ್ತು. ನಮ್ಮ ಬ್ಯಾಂಕ್‌ನಲ್ಲಿ ಇದ್ದದ್ದು, ಅಂದರೆ ಮೊದಲೇ ತೆಗೆದಿಟ್ಟದ್ದು, ಎರಡೇ ಎಪಿಸೋಡ್. ಮಗು ಶನಿವಾರ ಬರದಿದ್ದರೆ ಟೆಲಿಕಾಸ್ಟ್‌ಗೇ ಕುತ್ತು. ನನಗೂ ಅದೇ ಸರಿ ಅನ್ನಿಸಿತು. ಶುಕ್ರವಾರ ಇಡೀ ದಿನ ಪುಟ್ಟಿ ಅಮ್ಮನ ಕಣ್ಣು ತಪ್ಪಿಸಿ ಓಡಾಡಿದೆ.

ಶಾಟ್ ಇಷ್ಟೇ. ತೊಟ್ಟಿಮನೆಯ ಜಗಲಿಯಲ್ಲಿ ಪುಟ್ಟಿ ಹಸಿರು ಲಂಗ ಹಾಕಿಕೊಂಡು ಓಡಿಬರುತ್ತಾಳೆ, ಕಂಬದ ಹಿಂದೆ ಹೋಗುತ್ತಾಳೆ, ಆ ಕಡೆಯಿಂದ ಅದೇ ಹಸಿರಿನ ಲಂಗ ದಾವಣಿಯಲ್ಲಿ ದೊಡ್ಡ ಹುಡುಗಿ ಬರುತ್ತಾಳೆ. ನೂರು ಸಲ ಬಂದಿರುವ ಐಡಿಯಾ. ಹೊಸದು ಯೋಚಿಸೋಕೆ ಒಂದು ದಿನ ಕೊಟ್ಟಿದ್ದರಲ್ಲವೇ? ನನ್ನ ಪ್ಲಾನ್ ನನಗೆ ಬಹಳ ಬುದ್ಧಿವಂತಿಕೆಯದು ಅನ್ನಿಸಿತ್ತು. ಬೆಳಗ್ಗೆ ಎಂಟಕ್ಕೆ ಪುಟ್ಟಿ ಕಾಲ್. ಹನ್ನೆರಡಕ್ಕೆಲ್ಲ ಅವಳ ಶಾಟ್ ಮುಗಿಸಿ ಮನೆಗೆ ಕಳಿಸೋದು. ಕ್ಯಾಮೆರಾ ಲಾಕ್ ಮಾಡಿಟ್ಟು, ಹೊಸ ಆರ್ಟಿಸ್ಟ್‌ಗೆ ಒಂದು ಗಂಟೆಗೆ ಕಾಲ್. ಇಬ್ಬರೂ ಒಬ್ಬರನ್ನೊಬ್ಬರು ನೋಡುವಂತೆಯೇ ಇಲ್ಲ.

ಮ್ಯಾನೇಜರ್ ಒಂದು ಕ್ಯಾಬ್ ಉಳಿಸಿದರು. ಹೀರೋನ ಕರೆತರುವ ಗಾಡಿ ಅದೇ ರೂಟ್ ಅಂತ ಹೊಸ ಹುಡುಗಿಯನ್ನೂ ಹತ್ತಿಸಿಕೊಂಡು ಬಂದರು. ಹತ್ತು ಗಂಟೆಗೇ ಅವಳು ಸೆಟ್‌ನಲ್ಲಿ! ಆ ಶೂಟಿಂಗ್ ಮನೆಯಲ್ಲಿ ಲೇಡೀಸ್ ಮೇಕಪ್ ರೂಮ್ ಇರೋದು ಒಂದೇ. ನಾನು ಜಗಲಿಯಲ್ಲಿ ಟೇಪ್ ಅಂಟಿಸಿ ಮಾರ್ಕ್ ಹಾಕಿಸುತ್ತಿದ್ದೆ, ನನಗೆ ಯಾರೂ ಹೇಳಲಿಲ್ಲ. ಪುಟ್ಟಿ ಆ ಕಡೆ ಬಿಸ್ಕೆಟ್ ತಿನ್ನುತ್ತಾ ರೆಸ್ಟ್‌ನಲ್ಲಿದ್ದಳು.

ಹನ್ನೊಂದೂವರೆ ಸುಮಾರಿಗೆ ಅವಳನ್ನು ಶಾಟ್‌ಗೆ ಕರೆಯೋಣ ಅಂತ ರೂಮ್ ಬಾಗಿಲು ತಳ್ಳಿದೆ. ಕನ್ನಡಿ ಮುಂದೆ ಹೊಸ ಹುಡುಗಿ ಕೂತಿದ್ದಾಳೆ. ಹಸಿರು ದಾವಣಿ. ಮೇಕಪ್ ಅಣ್ಣ ಒಂದು ಕೈಯಲ್ಲಿ ಫೋನ್, ಇನ್ನೊಂದು ಕೈಯಲ್ಲಿ ಪೆನ್ಸಿಲ್ ಹಿಡಿದು ಆಗ ತಾನೇ ಮಚ್ಚೆ ಇಟ್ಟು ಮುಗಿಸಿದ್ದಾರೆ. ಅವರ ಪಕ್ಕದಲ್ಲಿ ಹಸಿರು ಲಂಗದ ಪುಟ್ಟಿ. ಕತ್ತು ಆ ಕಡೆ ಈ ಕಡೆ ವಾಲಿಸಿ ನೋಡುತ್ತಿದ್ದಾಳೆ. ಮೂಲೆಯಲ್ಲಿ ಅವಳ ಅಮ್ಮ, ಮಡಿಲಲ್ಲಿ ಡಬ್ಬಿ.

ಯಾರೂ ಮಾತಾಡಲಿಲ್ಲ. ನಾನೇ ಬಾಯಿ ಹಾಕಿದೆ: ‘ಪುಟ್ಟಿ, ಇವರು ನಿನ್ನ ಅಕ್ಕನ ಪಾತ್ರ.’ ಕೇಳದೇ ಇದ್ದ ಪ್ರಶ್ನೆಗೆ ಉತ್ತರ. ಅದೂ ಎಂಥ ಉತ್ತರ! ನಮ್ಮ ಕಥೆಯಲ್ಲಿ ಅವಳು ಒಬ್ಬಳೇ ಮಗಳು ಅನ್ನೋದರ ಮೇಲೆಯೇ ಆಸ್ತಿ ಜಗಳ ನಿಂತಿದೆ.

ಪುಟ್ಟಿ ನನ್ನ ಕಡೆ ತಿರುಗಿಯೂ ನೋಡಲಿಲ್ಲ. ‘ಮಾಮ, ಅಕ್ಕನ ಮಚ್ಚೆ ತಪ್ಪು ಕಡೆ ಇಟ್ಟಿದಾರೆ’ ಅಂದಳು.

ಮೇಕಪ್ ಅಣ್ಣ ‘ಇಲ್ಲಮ್ಮ, ಫೋಟೋ ನೋಡಿಯೇ ಇಟ್ಟಿದೀನಿ’ ಅಂತ ಫೋನ್ ತೋರಿಸಿದರು. ಅದು ನಾನು ಕಳಿಸಿದ ಫೋಟೋ. ವೇಷ, ಮೇಕಪ್ ಒಂದು ಸೀನಿಂದ ಇನ್ನೊಂದಕ್ಕೆ ಹೊಂದುತ್ತಾ ಅಂತ ನೋಡುವ ಕಂಟಿನ್ಯೂಟಿ ಹುಡುಗನ ಹತ್ತಿರ ಪುಟ್ಟಿಯ ಕ್ಲೋಸ್ ಸ್ಟಿಲ್ ಬೇಕಾದಷ್ಟಿದ್ದವು. ಆದರೆ ಅವನನ್ನು ಕೇಳಿದರೆ ‘ಯಾಕೆ ಸರ್?’ ಅನ್ನುತ್ತಾನೆ, ಗುಟ್ಟು ರಟ್ಟಾಗುತ್ತದೆ ಅಂತ ನನ್ನ ಫೋನ್‌ನಲ್ಲಿದ್ದ ಸೆಲ್ಫಿಯೊಂದನ್ನೇ ಕಳಿಸಿದ್ದೆ. ಸೆಲ್ಫಿ ಕೆಲವು ಫೋನ್‌ಗಳಲ್ಲಿ ಕನ್ನಡಿಯ ಹಾಗೆ ಎಡ ಬಲ ತಿರುಗಿಯೇ ಸೇವ್ ಆಗುತ್ತದೆ. ನನ್ನದು ಅಂಥ ಫೋನ್. ಹೊಸ ಹುಡುಗಿಗೆ ಮಚ್ಚೆ ಬಲಗೆನ್ನೆಯಲ್ಲಿ ಬಂದಿತ್ತು. ಪುಟ್ಟಿ ತನ್ನ ಎಡಗೆನ್ನೆ ತೋರಿಸಿ ‘ಇಲ್ಲಿ’ ಅಂದಳು. ಮೇಕಪ್ ಅಣ್ಣ ಒರೆಸಿ ಈ ಕಡೆ ಇಟ್ಟರು. ಅವಳು ಹತ್ತಿರ ಹೋಗಿ ‘ಇನ್ನೂ ಸ್ವಲ್ಪ ಮೇಲೆ’ ಅಂದಳು. ಅಷ್ಟು ಹೊತ್ತೂ ನಾನು ಬಾಗಿಲಲ್ಲೇ ನಿಂತಿದ್ದೆ. ಹೊಸ ಹುಡುಗಿ, ಪಾಪ, ಅವಳದ್ದು ಮೊದಲ ದಿನ, ಏನು ಮಾಡಬೇಕು ಅಂತ ತೋಚದೆ ಪುಟ್ಟಿಗೆ ಥ್ಯಾಂಕ್ಸ್ ಹೇಳಿದಳು.

ಆಗ ಪುಟ್ಟಿಯ ಅಮ್ಮ ಡಬ್ಬಿ ಮುಚ್ಚಳ ಒತ್ತಿ ಮುಚ್ಚಿದರು. ‘ಎಷ್ಟು ವರ್ಷದ್ದು ಸರ್?’ ಅಂದರು.

ಸೆಟ್‌ನಲ್ಲಿ ಕೂತು ಕೂತು ಅವರಿಗೆ ನಮ್ಮ ಭಾಷೆಯೆಲ್ಲ ಬಂದಿತ್ತು. ‘ಹತ್ತು’ ಅಂದೆ. ‘ಪ್ರೋಮೋ?’ ‘ನಾಳೆ.’ ‘ನಿನ್ನೆ ಬೆಳಗ್ಗೆ ಅಡ್ವಾನ್ಸ್ ಕೊಟ್ವಿ’ ಅಂದರು. ಬೈಯಲಿಲ್ಲ. ಬೈದಿದ್ದರೆ ಇಪಿ ಮೇಲೆ ಹಾಕಿ ತಪ್ಪಿಸಿಕೊಳ್ಳುತ್ತಿದ್ದೆ. ಶುಕ್ರವಾರ ಬೆಳಗ್ಗೆ ಒಂದು ಫೋನ್ ಮಾಡಿದ್ದರೆ ಆ ದುಡ್ಡು ಉಳಿಯುತ್ತಿತ್ತು. ಆ ಹೊತ್ತಿನಲ್ಲಿ ನಾನು ಅವರ ಕಣ್ಣು ತಪ್ಪಿಸುವ ಕೆಲಸದಲ್ಲಿದ್ದೆ.

ಹೊರಗಿನಿಂದ ಡೈರೆಕ್ಟರ್ ಕೂಗು ಶುರುವಾಯಿತು. ಬೆಳಕು ಹೋಗುತ್ತೆ, ಎಲ್ರಯ್ಯಾ ಮಗು? ಅವಳ 5 ಗಂಟೆ ಮುಗಿಯೋಕೆ ಇನ್ನೂ ಒಂದು ಗಂಟೆ ಚಿಲ್ಲರೆ ಇತ್ತು. ಅಕ್ಕ ಈಗ ಮಗಳ ಕೈ ಹಿಡಿದು ಹೊರಟುಬಿಟ್ಟರೆ ನಾವು ಏನೂ ಮಾಡುವಂತಿರಲಿಲ್ಲ. ಅದು ಅವರಿಗೂ ಗೊತ್ತಿತ್ತು. ನಿಂತು ಯೋಚಿಸಿದರು. ನನ್ನ ಬೆನ್ನು ಬೆವರುತ್ತಿತ್ತು. ಪುಟ್ಟಿ ಮಾತ್ರ ‘ಲೀಪ್ ಆದ್ರೆ ನಾನು ಸೋಮವಾರ ಸ್ಕೂಲಿಗೆ ಹೋಗಬಹುದಾ? ಕ್ರಾಫ್ಟ್ ಪಿರಿಯಡ್ ಇದೆ’ ಅಂತ ಕೇಳುತ್ತಿದ್ದಳು. ಕೊನೆಗೆ ಅಕ್ಕ ಅವಳ ಲಂಗ ಸರಿ ಮಾಡಿ ‘ಹೋಗು, ಚೆನ್ನಾಗಿ ಓಡು’ ಅಂದರು. ಎರಡನೇ ಟೇಕ್‌ಗೆ ಓಕೆ ಆಯಿತು. ಹೊಸ ಹುಡುಗಿಯ ಭಾಗಕ್ಕೆ ಹನ್ನೊಂದು ಟೇಕ್ ಬೇಕಾಯಿತು.

ಪ್ರೋಮೋ ಬಂದ ಮೇಲೆ ನಡೆದದ್ದು ಇನ್ನೂ ಚೆನ್ನಾಗಿದೆ. ತಿಪಟೂರಿನ ಒಂದು ಸೀರೆ ಅಂಗಡಿ ಓಪನಿಂಗ್‌ಗೆ ಪುಟ್ಟಿಯನ್ನು ಕರೆದಿದ್ದರು. ಅವಳದೇ ಊರು. ಬ್ಯಾನರ್‌ನಲ್ಲಿ ಪಾತ್ರದ ಹೆಸರು ದಪ್ಪ ಅಕ್ಷರದಲ್ಲಿತ್ತು, ಅವಳ ಹೆಸರು ಇರಲೇ ಇಲ್ಲ. ಹೀಗಾಗಿ ಅಂಗಡಿಯವರಿಗೆ ಫೋಟೋ ಒಂದನ್ನು ಬದಲಾಯಿಸಿದರೆ ಸಾಕಾಗಿತ್ತು. ನನಗೇ ಫೋನ್ ಮಾಡಿ ‘ಈಗಿನ ಪುಟ್ಟಿ ನಂಬರ್ ಕೊಡಿ ಸರ್’ ಅಂದರು. ಕೊಟ್ಟೆ. ಆ ಹುಡುಗಿಗೂ ಹೊಟ್ಟೆಪಾಡು ಇದೆಯಲ್ಲ ಅಂತ ಸಮಾಧಾನ ಹೇಳಿಕೊಂಡೆ. ಮನೆ ಓನರ್ ಅಡ್ವಾನ್ಸ್‌ನಲ್ಲಿ ಎರಡು ತಿಂಗಳದ್ದು ಹಿಡಿದುಕೊಂಡು ಉಳಿದದ್ದು ವಾಪಸ್ ಕೊಟ್ಟರಂತೆ. ನಮ್ಮ ಪ್ರೊಡಕ್ಷನ್‌ನಿಂದ ಪುಟ್ಟಿಗೆ ಬರಬೇಕಾದ ಪೇಮೆಂಟ್ ಅದಕ್ಕಿಂತ ತಡವಾಗಿ ಬಂತು.

ಅಕ್ಕ ಒಂದು ಸಲ ಅದೇ ಪೇಮೆಂಟ್ ವಿಷಯಕ್ಕೆ ಫೋನ್ ಮಾಡಿದಾಗ ಊರಿನ ಸುದ್ದಿ ಹೇಳಿದರು. ಸಂತೆಯಲ್ಲಿ ಯಾರೋ ಪುಟ್ಟಿಯನ್ನು ತಡೆದು, ‘ಟಿವೀಲಿ ಅಷ್ಟು ದೊಡ್ಡವಳಾಗಿದೀಯ, ಇಲ್ಲಿ ಮತ್ತೆ ಚಿಕ್ಕವಳು ಹೆಂಗಾದೆ?’ ಅಂದರಂತೆ. ಪುಟ್ಟಿ ‘ಅದು ಫ್ಲ್ಯಾಶ್‌ಬ್ಯಾಕ್ ಅಜ್ಜಿ’ ಅಂದಳಂತೆ. ಇಬ್ಬರೂ ನಕ್ಕೆವು. ಆಮೇಲೆ ಅವರು ‘ಫ್ಲ್ಯಾಶ್‌ಬ್ಯಾಕ್ ಸೀನ್ ಏನಾದ್ರೂ ಇದ್ರೆ ಹೇಳಿ ಸರ್’ ಅಂದರು. ಇದ್ದವು. ಎಲ್ಲ ಹಳೇ ಫುಟೇಜ್‌ನಲ್ಲೇ ಮುಗಿಸಿದ್ದರು, ಬ್ಲ್ಯಾಕ್ ಅಂಡ್ ವೈಟ್ ಮಾಡಿ.

ಲೀಪ್‌ನಿಂದ ರೇಟಿಂಗ್ ಏರಿತಾ ಅಂತ ಕೇಳುವವರಿಗೆ: ಒಂದು ಗುರುವಾರ ಬಜ್ಜಿ ಬಂತು.

ನಮ್ಮ ಕೆಲಸಕ್ಕೆ ಬರುವ ಹೊಸ ಹುಡುಗರಿಗೆ ನಾನು ಎರಡು ಮಾತು ಹೇಳುತ್ತೇನೆ. ಕಂಟಿನ್ಯೂಟಿಗೆ ಸೆಲ್ಫಿ ಕಳಿಸಬೇಡಿ, ಹಿಂದಿನ ಕ್ಯಾಮೆರಾದಲ್ಲೇ ತೆಗೆಯಿರಿ. ಮಕ್ಕಳ ಅಪ್ಪ ಅಮ್ಮ ಮನೆ, ಸ್ಕೂಲು, ಟಿಸಿ ಅಂತ ಏನಾದರೂ ಕೇಳಿದರೆ, ನಿಮಗೆ ಗೊತ್ತಿದ್ದಷ್ಟು ನಿಜ ಹೇಳಿ. ಊಹೆಯಾಗಿದ್ದರೆ ಊಹೆ ಅಂತಲೇ ಹೇಳಿ. ಅನ್ನದ ತಟ್ಟೆ ಕೆಳಗಿಟ್ಟು ಹೇಳಿ.

ಈಗಿನ ಪ್ರಾಜೆಕ್ಟ್‌ನಲ್ಲೂ ಆರು ವರ್ಷದ ಹುಡುಗ ಇದ್ದಾನೆ. ಊರಿನ ಸ್ಕೂಲಿಂದ ಟಿಸಿ ತೆಗೆಸಿ ಬೆಂಗಳೂರಿಗೆ ಸೇರಿಸಲಾ ಅಂತ ಅವರಪ್ಪ ಕೇಳಿದರು. ಬೇಡಣ್ಣ, ನಮ್ಮ ಸ್ಲಾಟ್ ಗಟ್ಟಿ ಇಲ್ಲ, ಲೀಪ್ ಮಾತು ಆಗಲೇ ಒಂದು ಸಲ ಬಂದಿದೆ ಅಂದೆ. ಇದು ಹೇಗೋ ಇಪಿ ಕಿವಿಗೆ ಬಿತ್ತು. ಸ್ಪಾಯ್ಲರ್ ಲೀಕ್ ಅಂತ ರಾತ್ರಿ ನನ್ನನ್ನು ಯೂನಿಟ್ ವಾಟ್ಸ್ಯಾಪ್ ಗ್ರೂಪ್‌ನಿಂದ ತೆಗೆದರು. ಬೆಳಗಿನ ಜಾವ ಐದಕ್ಕೆ, ಕಾಲ್‌ಶೀಟ್ ಯಾರು ಹಾಕೋದು ಅಂತ ಜಗಳವಾಗಿ, ಮತ್ತೆ ಸೇರಿಸಿದರು.