ಮುಟ್ಟಿ ನೋಡಿದ ಸ್ಟೆಗೊಸಾರಸ್

ಈ ವಾರ ಜೆಕ್ ನಿರ್ದೇಶಕ ಕರೆಲ್ ಜೆಮನ್ ಅವರ ‘ತ್ಸೆಸ್ತಾ ದೊ ಪ್ರಾವ್ಯೆಕು’ (ಆದಿಕಾಲಕ್ಕೆ ಪಯಣ) ಚಿತ್ರವನ್ನು ಮತ್ತೆ ನೋಡಿದಾಗಿನಿಂದ ಒಂದೇ ದೃಶ್ಯ ಕಣ್ಣಿಗೆ ಕಟ್ಟಿದೆ. ಕಾದಾಡಿ ಸತ್ತುಬಿದ್ದ ಸ್ಟೆಗೊಸಾರಸ್ ಎಂಬ ಡೈನೋಸಾರ್. ನಾಲ್ವರು ಹುಡುಗರು ಹತ್ತಿರ ಬಂದು, ಮುಟ್ಟಿ, ಅದರ ಮೇಲೇ ಹತ್ತುತ್ತಾರೆ. ಹಿಂದಕ್ಕೆ ಓಡಿಸಿ ಓಡಿಸಿ ನೋಡಿದೆ. ಅಲ್ಲಿ ಕ್ಯಾಮೆರಾದ ಕೈಚಳಕವಿಲ್ಲ. ನಿಜ ಗಾತ್ರದಲ್ಲೇ ಕಟ್ಟಿದ ದೇಹ ಅದು.

ಅದಕ್ಕೆ ಮುಂಚೆ ಕಾದಾಡಿದ್ದು ಬೊಂಬೆ. ಸೆಕೆಂಡಿಗೆ 24 ಫ್ರೇಮ್. ಕಾಲು, ಕತ್ತು, ಬಾಲ ಕೂದಲೆಳೆಯಷ್ಟು ಸರಿಸಿ ಒಂದು ಫ್ರೇಮ್, ಮತ್ತೆ ಸರಿಸಿ ಇನ್ನೊಂದು. ಹತ್ತು ಸೆಕೆಂಡಿನ ಓಟಕ್ಕೆ 240 ಸಲ. ಹುಡುಗರೂ ಬೊಂಬೆಯೂ ಒಟ್ಟಿಗೆ ಕಾಣಬೇಕಾದರೆ ಚೌಕಟ್ಟಿನ ಒಂದು ಭಾಗ ಮುಚ್ಚಿ ಹುಡುಗರನ್ನು ಚಿತ್ರಿಸುವುದು, ಫಿಲ್ಮನ್ನು ಹಿಂದಕ್ಕೆ ಸುತ್ತಿ, ಈಗ ಹುಡುಗರಿರುವ ಭಾಗ ಮುಚ್ಚಿ ಉಳಿದದ್ದರಲ್ಲಿ ಬೊಂಬೆಯನ್ನು ಚಿತ್ರಿಸುವುದು. ಬೆಸುಗೆ ದಡದ ಗೆರೆಯಲ್ಲೋ ಪೊದೆಯ ಅಂಚಿನಲ್ಲೋ ಅಡಗಬೇಕು. ಕ್ಯಾಮೆರಾ ಒಂದಿಷ್ಟು ಅಲುಗಿದರೆ ಆ ಗೆರೆ ನಡುಗುತ್ತದೆ. ಹುಡುಗರ ನೆರಳು ಎಡಕ್ಕೆ, ಬೊಂಬೆಯದು ಬಲಕ್ಕೆ ಬಿದ್ದರಂತೂ ಮಗುವಿಗೂ ಗೊತ್ತಾಗುತ್ತದೆ. ಇಷ್ಟೆಲ್ಲ ಸರಿಹೋದ ಮೇಲೂ ನೋಡುವವರ ಮನಸ್ಸಿನಲ್ಲಿ ಒಂದು ಅನುಮಾನ ಉಳಿದೇ ಇರುತ್ತದೆ. ಹುಡುಗನ ಅಂಗೈ ಆ ಚರ್ಮದ ಮೇಲೆ ಊರಿದಾಗ ಅದು ಹೋಗುತ್ತದೆ, ಹಿಂದೆ ನೋಡಿದ ಬೊಂಬೆಗಳೂ ನಿಜವಾಗಿಬಿಡುತ್ತವೆ. ಇಂಥ ಲೆಕ್ಕ ಜೆಮನ್‌ಗೆ ಗೊತ್ತಿದ್ದಷ್ಟು ಇನ್ನೊಬ್ಬರಿಗೆ ಗೊತ್ತಿರಲಿಲ್ಲ ಎಂದೇ ನನ್ನ ನಂಬಿಕೆ.

1910ರಲ್ಲಿ ಹುಟ್ಟಿದ ಅವರು ಅಂಗಡಿಗಳ ಗಾಜಿನ ಕಪಾಟು ಸಿಂಗರಿಸುವ ಕೆಲಸ, ಜಾಹೀರಾತು ಮಾಡಿಕೊಂಡಿದ್ದು 1943ರಲ್ಲಿ ಜೆಕ್ ನಾಡಿನ ಜ್ಲೀನ್ ಊರಿನ ಚಲನಚಿತ್ರ ಸ್ಟುಡಿಯೋ ಸೇರಿದವರು. 1949ರಲ್ಲಿ ಗಾಜಿನ ಬೊಂಬೆಗಳಿಗೆ ಚಲನೆ ಕೊಟ್ಟರು. ಬಗ್ಗಿಸಲಾಗದ ಗಾಜಿಗೆ! ‘ತ್ಸೆಸ್ತಾ ದೊ ಪ್ರಾವ್ಯೆಕು’ 1955ರದು. ಪ್ರಾಣಿಗಳ ರೂಪಕ್ಕೆ ಆದಿಕಾಲದ ಜೀವಿಗಳನ್ನು ಬರೆದ ಜೆಕ್ ಕಲಾವಿದ ಝ್ದೆನೆಕ್ ಬುರಿಯನ್ ಅವರ ವರ್ಣಚಿತ್ರಗಳೇ ಆಧಾರ. ಮೂರು ವರ್ಷದ ನಂತರ ಬಂದ ‘ವಿನಾಲೆಜ್ ಸ್ಕಾಜಿ’ಯಲ್ಲಿ ಹಳೆಯ ಪುಸ್ತಕಗಳ ಅಚ್ಚುಚಿತ್ರದಂಥ ಗೆರೆಗಳನ್ನು ಸೆಟ್ಟಿನ ಮೇಲೂ ನಟರ ಉಡುಪಿನ ಮೇಲೂ ಎಳೆಸಿದರು. ಬ್ರಸೆಲ್ಸ್‌ನ 1958ರ ಮೇಳದಲ್ಲಿ ಅದಕ್ಕೆ ದೊಡ್ಡ ಬಹುಮಾನ ಬಂತು.

ಅಮೆರಿಕದವರು ಮಾಡಿದ್ದು ಮಾತ್ರ ನನಗೆ ಸಹಿಸಲಾಗದು. 1966ರಲ್ಲಿ ‘ತ್ಸೆಸ್ತಾ ದೊ ಪ್ರಾವ್ಯೆಕು’ವನ್ನು ಅಲ್ಲಿ ಬಿಡುಗಡೆ ಮಾಡುವಾಗ ನ್ಯೂಯಾರ್ಕಿನ ಮ್ಯೂಸಿಯಂನಲ್ಲಿ ಬೇರೆ ಹುಡುಗರನ್ನು ನಿಲ್ಲಿಸಿ ಹೊಸ ಆರಂಭ ಅಂಟಿಸಿದರು. ಮೂಲದಲ್ಲಿ ಕಥೆ ಹೊರಡುವುದು ಯಿರ್ಕಾ ಎಂಬ ಕಿರಿಯ ಹುಡುಗನಿಗೆ ಸಿಕ್ಕ, ಕಲ್ಲಾದ ಟ್ರೈಲೊಬೈಟ್ ಎಂಬ ಆದಿಕಾಲದ ಕಡಲಜೀವಿಯಿಂದ. ಜೀವಂತವಾದ್ದನ್ನು ನೋಡಬೇಕೆಂಬ ಅವನ ಹಟಕ್ಕೇ ನಾಲ್ವರೂ ದೋಣಿ ಹತ್ತಿ ನದಿಗುಂಟ ಕಾಲದ ಹಿಂದಕ್ಕೆ ಹೋಗುವುದು. ಆದಿಸಮುದ್ರದ ದಡ ತಲುಪಿದ ಮೇಲೆ ಅದು ಅವನಿಗೆ ಸಿಗುತ್ತದೆ. ಅಲ್ಲೂ ಅಷ್ಟೇ, ಬರೀ ತೋರಿಸಿ ಬಿಡುವುದಿಲ್ಲ. ಅವನ ಕೈಗೇ ಕೊಡುತ್ತಾರೆ.