ತಮಟೆ ಸದ್ದು ಈ ಸಲ ಒಡೆಯಲಿಲ್ಲ

ಬಸವನಗುಡಿಯ ಕಡಲೆಕಾಯಿ ಪರಿಷೆಗೆ ನಾನು ಹೋಗುವುದು ಕಾಯಿಗೆ ಮಾತ್ರ ಅಲ್ಲ, ಅಲ್ಲಿನ ಸದ್ದಿಗೂ. ಕಾರ್ತಿಕದ ಕೊನೆ ಸೋಮವಾರ ಬುಲ್ ಟೆಂಪಲ್ ರೋಡಿನಲ್ಲಿ ಸುಮ್ನೆ ಕಣ್ಣು ಮುಚ್ಚಿ ನಿಂತುಕೊಳ್ಳಿ. ಸೇರಿನಲ್ಲಿ ಅಳೆದು ಸುರಿಯುವ ಕಾಯಿ, ಮಕ್ಕಳ ಪೀಪಿ, ವ್ಯಾಪಾರದ ಕೂಗು, ಗುಡಿ ಗಂಟೆ ಎಲ್ಲಾ ಒಟ್ಟಿಗೆ ಕಿವಿಗೆ ಬೀಳುತ್ತದೆ.

ಕೆಲವು ವರ್ಷದ ಹಿಂದೆ ಹಳೆ ರೆಕಾರ್ಡರ್ ಹಿಡಿದು ಹೋಗಿದ್ದೆ. ಕಾಯಿ ಮಾರುತ್ತಿದ್ದ ಅಜ್ಜಿಯೊಬ್ಬರು ತಮ್ಮ ಹೊಲದ ಬಗ್ಗೆ ಮೆಲ್ಲಗೆ ಹೇಳುತ್ತಿದ್ದರು, ದನಿ ಚೆನ್ನಾಗಿ ಬರಲಿ ಅಂತ ಗೇನ್, ಅಂದರೆ ಮೈಕಿನ ಸದ್ದನ್ನು ಹಿಗ್ಗಿಸುವ ಮಟ್ಟ, ಏರಿಸಿದೆ, ಅಷ್ಟರಲ್ಲಿ ಪಕ್ಕದಲ್ಲೇ ತಮಟೆ ಶುರುವಾಯಿತು. ಮನೆಗೆ ಬಂದು ಕೇಳಿದರೆ ಬರೀ ಗರಗರ. ಕ್ಲಿಪ್ ಆಗಿತ್ತು, ಅಂದರೆ ರೆಕಾರ್ಡರ್ ಹಿಡಿಯಲಾರದಷ್ಟು ಜೋರಾಗಿ ಸದ್ದು ಒಡೆದಿತ್ತು. ಅಲೆಯ ತುದಿಯೇ ಕತ್ತರಿಸಿ ಹೋದ ಮೇಲೆ ಅದನ್ನು ಇದ್ದ ಹಾಗೆ ವಾಪಸ್ ತರಲು ಆಗುವುದಿಲ್ಲ. ಆ ಅಜ್ಜಿ ಮತ್ತೆ ಸಿಗಲಿಲ್ಲ.

ಅದಕ್ಕೇ ಮೆಲ್ಲನೆ ದನಿ, ಜೋರು ಸದ್ದು ಎರಡನ್ನೂ ಗೇನ್ ಮುಟ್ಟದೆಯೇ ಹಿಡಿಯುವ 32 ಬಿಟ್ ಫ್ಲೋಟ್ ರೆಕಾರ್ಡಿಂಗ್ ನನಗೆ ಇಷ್ಟು ಮುಖ್ಯ. ಮೊದಲು ಇದು ಶೂಟಿಂಗ್‌ಗೆ ಸೌಂಡ್ ಮಾಡುವವರ ದುಬಾರಿ ರೆಕಾರ್ಡರ್‌ಗಳಲ್ಲಿ ಇತ್ತು. 2024ರಲ್ಲಿ ರೆಕಾರ್ಡರ್ ಮಾಡುವ ಜೂಮ್ ಕಂಪನಿ ಎಚ್1 ಎಸೆನ್ಷಿಯಲ್ ಅನ್ನುವ ಪುಟ್ಟ ರೆಕಾರ್ಡರ್ ತಂದಿತು. ಅಂಗೈ ಅಗಲದ ಪೆಟ್ಟಿಗೆ, ಎರಡು ಎಎಎ ಸೆಲ್ ಸಾಕು, ಗೇನ್ ತಿರುಗಿಸುವ ಗುಂಡಿಯೇ ಇಲ್ಲ! ಒಳಗೆ ಮೈಕಿನ ಸದ್ದನ್ನು ಅಂಕಿಗಳಾಗಿ ಬದಲಿಸುವ ಎರಡು ಕನ್ವರ್ಟರ್ ಇರುತ್ತವೆ, ಒಂದು ಪಿಸುಮಾತಿಗೆ, ಇನ್ನೊಂದು ಜೋರು ಸದ್ದಿಗೆ, ಎರಡನ್ನೂ ಸೇರಿಸಿ ಒಂದೇ ಫೈಲ್ ಆಗುತ್ತದೆ. ಕಂಪ್ಯೂಟರ್‌ನಲ್ಲಿ ತೆರೆದಾಗ ಅಲೆ ಗೆರೆ ದಾಟಿದ ಹಾಗೆ ಕಂಡರೂ ಗಾಬರಿ ಬೇಡ, ವಾಲ್ಯೂಮ್ ಇಳಿಸಿದರೆ ತುದಿ ಹಾಗೇ ಇರುತ್ತದೆ.

ಜಾಗ ಸ್ವಲ್ಪ ಜಾಸ್ತಿ ತಿನ್ನುತ್ತದೆ. 48 ಕಿಲೋಹರ್ಟ್ಸ್ ಸ್ಟೀರಿಯೋದಲ್ಲಿ ಗಂಟೆಗೆ ಸುಮಾರು 1.4 ಜಿಬಿ.

ಹಾಗಂತ ಎಲ್ಲಾ ತಪ್ಪನ್ನೂ ಇದು ಸರಿ ಮಾಡುವುದಿಲ್ಲ. ಮೈಕೇ ತಡೆಯಲಾರದಷ್ಟು ಸದ್ದು ಬಂದರೆ ಅಲ್ಲೇ ಒಡೆಯುತ್ತದೆ. ಗಾಳಿಯ ಬುಸುಬುಸು ಅಂತೂ ಹಾಗೇ ದಾಖಲಾಗುತ್ತದೆ, ಆದ್ದರಿಂದ ಮೈಕಿಗೆ ತುಪ್ಪಟದ ಟೊಪ್ಪಿಗೆ ಹಾಕಲೇಬೇಕು. ಫೋನ್ ಸಾಕಲ್ವಾ ಅಂತ ತುಂಬಾ ಜನ ಕೇಳುತ್ತಾರೆ. ಮಾತಿಗೆ ಸಾಕು. ಜಾತ್ರೆಗೆ ಸಾಲದು, ಯಾಕೆಂದರೆ ಸಾಮಾನ್ಯವಾಗಿ ಫೋನ್ ತಾನೇ ಸದ್ದನ್ನು ಏರಿಸಿ ಇಳಿಸಿ ಹತ್ತಿರ ದೂರ ಎರಡನ್ನೂ ಒಂದೇ ಮಟ್ಟಕ್ಕೆ ತಂದುಬಿಡುತ್ತದೆ.

ಕಳೆದ ಪರಿಷೆಯಲ್ಲಿ ಈ ಪೆಟ್ಟಿಗೆ ಹಿಡಿದು ನಿಂತಿದ್ದಾಗ ತಮಟೆಯವರು ಎರಡು ಮಾರು ದೂರದಲ್ಲೇ ಹಾದುಹೋದರು. ನಾನು ಏನನ್ನೂ ಮುಟ್ಟಲಿಲ್ಲ. ರಾತ್ರಿ ಹೆಡ್‌ಫೋನ್ ಹಾಕಿ ಕೇಳಿದೆ. ಪ್ರತಿ ಪೆಟ್ಟೂ ಸ್ಪಷ್ಟ. ಅವರು ದೂರ ಸರಿದ ಮೇಲೆ, ಚೀಲಕ್ಕೆ ಸರಸರ ಇಳಿದ ಒಂದು ಸೇರು ಕಾಯಿಯೂ ಕೇಳಿಸಿತು.